ಜಾತ್ರೆಯಲ್ಲಿ ಜಾಗ ಯಾರದ್ದು? ಒಂದು ಪತ್ರಕ್ಕೆ ಸಂಪಾದಕರ ಉತ್ತರ

ಬ್ರಿಟನ್ನಿನಲ್ಲಿ ಊರಿಂದ ಊರಿಗೆ ತಿರುಗುತ್ತಾ ಜಾತ್ರೆ ಕಟ್ಟುವ ಕುಟುಂಬಗಳ ಬಗ್ಗೆ, ಅವರ ಸಂಘವಾದ ಶೋಮೆನ್ಸ್ ಗಿಲ್ಡ್ ಬಗ್ಗೆ ಹೋದ ಸಂಚಿಕೆಯಲ್ಲಿ ಒಂದು ಲೇಖನ ಬಂದಿತ್ತು. ಅದನ್ನು ಓದಿ, ಕಾಲೇಜಿನಲ್ಲಿ ಅರ್ಥಶಾಸ್ತ್ರ ಕಲಿಸಿ ನಿವೃತ್ತರಾದ ಓದುಗರೊಬ್ಬರು ಪತ್ರ ಬರೆದಿದ್ದಾರೆ. ಪತ್ರದಲ್ಲಿ ಸಿಟ್ಟಿದೆ, ಆದರೆ ಯೋಚಿಸಿ ಬರೆದ ಸಿಟ್ಟು. ಸಾರಾಂಶ ಇಷ್ಟು: "ಒಂದು ಜಾತ್ರೆಯಲ್ಲಿ ಸತತ ಎರಡು ವರ್ಷ ಜಾಗ ಹಿಡಿದವನಿಗೆ ಆ ಜಾಗದ ಮೇಲೆ ಹಕ್ಕು ಬರುತ್ತದೆ, ಅದು ಅಪ್ಪನಿಂದ ಮಗನಿಗೆ ಹೋಗುತ್ತದೆ, ಹೊರಗಿನವನಿಗೆ ಪ್ರವೇಶ ಸುಲಭವಿಲ್ಲ ಎಂದು ನೀವೇ ಬರೆದಿದ್ದೀರಿ. ಇದಕ್ಕೆ ನಮ್ಮ ಪಾಠದಲ್ಲಿ ಏಕಸ್ವಾಮ್ಯ ಅನ್ನುತ್ತೇವೆ. ನೀವು ಇದನ್ನು ಸಂಸ್ಕೃತಿ ಎಂದು ಕರೆದಿರಿ, ಅದು ವ್ಯಾಪಾರಕ್ಕೆ ಹೊದಿಸಿದ ಹೊದಿಕೆ. ಈ ನಿಯಮ ಕಿತ್ತುಹಾಕಿ ಮುಕ್ತ ಪೈಪೋಟಿ ಬರಲಿ. ತಿರುಗಾಡುವುದೇ ಅವರ ಬದುಕು ಎನ್ನುವುದಾದರೆ ಊರಲ್ಲಿ ಜಾಗಕ್ಕಾಗಿ ಪುರಸಭೆಗಳ ಜೊತೆ ಯಾಕೆ ಜಗಳ? ಇಂಥ ಮುಚ್ಚಿದ ಗುಂಪಿಗೆ ಇಷ್ಟು ಪುಟ ಯಾಕೆ ಕೊಟ್ಟಿರಿ?"

ಮೇಷ್ಟ್ರೇ, ನಮಸ್ಕಾರ.

ನಿಮ್ಮ ಮೊದಲ ಮಾತಿನಲ್ಲಿ ವಿವಾದವೇ ಇಲ್ಲ. ಎರಡು ವರ್ಷದ ನಿಯಮ ಇದೆ. ಹಕ್ಕು ಮನೆತನದಲ್ಲಿ ಇಳಿದು ಬರುತ್ತದೆ. ಸದಸ್ಯರ ಮಕ್ಕಳಿಗೆ ಗಿಲ್ಡ್ ಬಾಗಿಲು ತೆರೆದೇ ಇರುತ್ತದೆ, ಹೊರಗಿನವರು ಒಳಗೆ ಬರುವುದು ಕಷ್ಟ. ಈ ನಿಯಮ ಒಳ್ಳೆಯದೇ ಕೆಟ್ಟದ್ದೇ ಎಂದು ತೀರ್ಮಾನಿಸುವ ಮೊದಲು ಅದು ಎಲ್ಲಿಂದ ಬಂತು ಎಂದು ನೋಡಬೇಕು. ನಿಮ್ಮ ಪತ್ರದಲ್ಲಿ ಇದರ ಸುದ್ದಿಯೇ ಇಲ್ಲ. ಈ ಸಂಘ ಹುಟ್ಟಿದ್ದು ದರ ಏರಿಸುವುದಕ್ಕಲ್ಲ, ಪೈಪೋಟಿ ತಡೆಯುವುದಕ್ಕೂ ಅಲ್ಲ. ಮನೆ ಉಳಿಸಿಕೊಳ್ಳುವುದಕ್ಕೆ.

1880ರ ದಶಕದಲ್ಲಿ ಜಾರ್ಜ್ ಸ್ಮಿತ್ ಎಂಬ ಸುಧಾರಕರಿದ್ದರು, ಕೋಲ್‌ವಿಲ್ ಊರಿನವರು. ಇಟ್ಟಿಗೆ ಗೂಡುಗಳಲ್ಲಿ ದುಡಿಯುತ್ತಿದ್ದ ಮಕ್ಕಳ ಪರವಾಗಿ ಹೋರಾಡಿ 1871ರಲ್ಲಿ ಕಾಯ್ದೆ ಬರುವಂತೆ ಮಾಡಿದ ಮನುಷ್ಯ. ಕಾಲುವೆ ದೋಣಿಗಳಲ್ಲಿ ವಾಸಿಸುವ ಕುಟುಂಬಗಳಿಗಾಗಿ 1877ರ ಕಾಯ್ದೆಗೂ ಅವರೇ ಕಾರಣ. ಅವರ ಉದ್ದೇಶದ ಬಗ್ಗೆ ನನಗೆ ಅನುಮಾನವಿಲ್ಲ. ಆಮೇಲೆ ಅವರ ಕಣ್ಣು ಬಂಡಿಗಳಲ್ಲಿ ವಾಸಿಸುವವರ ಮೇಲೆ ಬಿತ್ತು. ಪ್ರತಿ ಬಂಡಿಯೂ ನೋಂದಣಿ ಆಗಬೇಕು, ಒಳಗೆ ಎಷ್ಟು ಜನ ಮಲಗಬಹುದು ಎಂದು ಸರ್ಕಾರ ಹೇಳಬೇಕು, ಇನ್‌ಸ್ಪೆಕ್ಟರ್ ಬಂದು ಬಾಗಿಲು ತಟ್ಟಿ ಒಳಗೆ ನೋಡಬಹುದು, ಇಂಥ ಅಂಶಗಳಿದ್ದ ಮಸೂದೆಯೊಂದನ್ನು ಮತ್ತೆ ಮತ್ತೆ ಪಾರ್ಲಿಮೆಂಟಿಗೆ ತರಿಸಿದರು. ಮನೆಯಲ್ಲಿ ಇರುವವರ ಮನೆಯೊಳಗೆ ಯಾರೂ ಹೀಗೆ ನುಗ್ಗುತ್ತಿರಲಿಲ್ಲ. ಚಕ್ರದ ಮೇಲಿರುವ ಮನೆಗೆ ಮಾತ್ರ ಬೇರೆ ನ್ಯಾಯ.

ಇದನ್ನು ತಡೆಯಲು 1889ರಲ್ಲಿ ಜಾತ್ರೆಯ ಜನ ಸ್ಯಾಲ್ಫರ್ಡ್‌ನಲ್ಲಿ ಸೇರಿ ಸಂಘ ಕಟ್ಟಿದರು. ಆಗ ಅದರ ಹೆಸರಲ್ಲಿ ಶೋ ಎಂಬ ಪದವೇ ಇರಲಿಲ್ಲ, ಬಂಡಿಯಲ್ಲಿ ವಾಸಿಸುವವರ ಸಂಘ ಎಂದೇ ಇಟ್ಟುಕೊಂಡಿದ್ದರು. ದೊಡ್ಡ ಸರ್ಕಸ್ ಮಾಲೀಕ ಜಾರ್ಜ್ ಸ್ಯಾಂಗರ್ ಅಧ್ಯಕ್ಷರಾದರು. ಪಾದ್ರಿ ಥಾಮಸ್ ಹಾರ್ನ್ ಬಹಳ ಕಾಲ ಕಾರ್ಯದರ್ಶಿಯಾಗಿ ಇವರ ಪರ ಓಡಾಡಿದರು. ಮಸೂದೆ ಬಿದ್ದುಹೋಯಿತು. ಸಂಘ ಉಳಿಯಿತು. 1917ರಲ್ಲಿ ಅದು ಶೋಮೆನ್ಸ್ ಗಿಲ್ಡ್ ಆಯಿತು. ಮುಂದೆ ಅದರ ಅಧ್ಯಕ್ಷರಾಗಿದ್ದ ಪ್ಯಾಟ್ ಕಾಲಿನ್ಸ್ 1922ರಲ್ಲಿ ವಾಲ್ಸಾಲ್ ಕ್ಷೇತ್ರದಿಂದ ಗೆದ್ದು ಪಾರ್ಲಿಮೆಂಟಿನ ಒಳಗೇ ಹೋಗಿ ಕೂತರು. ಬಂಡಿಯಲ್ಲಿ ಬದುಕುವ ಜನ ಕಾನೂನು ಮಾಡುವ ಸಭೆಯವರೆಗೆ ತಲುಪಿದ್ದು ಸಣ್ಣ ವಿಷಯ ಅಲ್ಲ, ಅಲ್ವಾ?

ಇವರ ಭಯ ಸುಮ್ನೆ ಹುಟ್ಟಿದ್ದೂ ಅಲ್ಲ. ಲಂಡನ್ನಿನ ಬಾರ್ಥೊಲೊಮ್ಯೂ ಜಾತ್ರೆ 1133ರಿಂದ ನಡೆದುಕೊಂಡು ಬಂದಿತ್ತು. ಗಲಾಟೆ, ಕುಡಿತ, ಕಳ್ಳತನ ಎಂದು ಕಾರಣ ಕೊಟ್ಟು 1855ರ ಹೊತ್ತಿಗೆ ಅದನ್ನು ಮುಚ್ಚಿಯೇಬಿಟ್ಟರು. 1871ರಲ್ಲೇ ಬಂದ ಇನ್ನೊಂದು ಕಾಯ್ದೆ ಜಾತ್ರೆಗಳನ್ನು ರದ್ದು ಮಾಡುವ ದಾರಿಯನ್ನು ಇನ್ನೂ ಸಲೀಸು ಮಾಡಿತು. ಏಳು ನೂರು ವರ್ಷ ಹಳೆಯ ಜಾತ್ರೆಯೇ ಒಂದು ತಲೆಮಾರಿನ ಕಣ್ಣೆದುರು ಇಲ್ಲವಾಗುತ್ತದೆ ಎಂದ ಮೇಲೆ, ಮುಂದಿನ ವರ್ಷ ನಮ್ಮ ಜಾತ್ರೆ ಇರುತ್ತದೋ ಇಲ್ಲವೋ ಎಂಬ ಪ್ರಶ್ನೆ ಪ್ರತಿ ಕುಟುಂಬಕ್ಕೂ ನಿಜವಾದ ಪ್ರಶ್ನೆಯೇ.

ಈಗ ಆ ಎರಡು ವರ್ಷದ ನಿಯಮಕ್ಕೆ ಬರೋಣ. ನೀವು ಅದನ್ನು ಮಾರುಕಟ್ಟೆಯ ಕಣ್ಣಿಂದ ನೋಡಿದ್ದೀರಿ. ನಾನು ವರ್ಷದ ಕ್ಯಾಲೆಂಡರ್ ಇಟ್ಟುಕೊಂಡು ನೋಡುತ್ತೇನೆ.

ಫೆಬ್ರವರಿ 14ಕ್ಕೆ ಕಿಂಗ್ಸ್ ಲಿನ್ ಊರಿನ ಮಾರ್ಟ್ ಶುರುವಾಗುತ್ತದೆ. ಹಳೆಯ ಸಂಪ್ರದಾಯದಲ್ಲಿ ವರ್ಷದ ಮೊದಲ ಜಾತ್ರೆ ಅದು. ಜೂನ್ ಕೊನೆಗೆ ನ್ಯೂಕಾಸಲ್‌ನ ಹಾಪಿಂಗ್ಸ್. ಅದು 1882ರಲ್ಲಿ ಮದ್ಯಪಾನ ವಿರೋಧಿ ಉತ್ಸವವಾಗಿ ಶುರುವಾದದ್ದು ಎಂದರೆ ಇವತ್ತು ನೋಡಿದವರಿಗೆ ನಂಬಿಕೆ ಬರುವುದಿಲ್ಲ. ಸೆಪ್ಟೆಂಬರ್ ಮೊದಲಲ್ಲಿ ಆಕ್ಸ್‌ಫರ್ಡ್‌ನ ಸೇಂಟ್ ಜೈಲ್ಸ್ ಜಾತ್ರೆ, ಊರಿನ ದೊಡ್ಡ ಬೀದಿಯನ್ನೇ ಎರಡು ದಿನ ಮುಚ್ಚಿ ನಡೆಸುತ್ತಾರೆ. ಅಕ್ಟೋಬರ್‌ನಲ್ಲಿ ನಾಟಿಂಗ್‌ಹ್ಯಾಮ್‌ನ ಗೂಸ್ ಫೇರ್, ಆಮೇಲೆ ಹಲ್ ಜಾತ್ರೆ. ನಡುವೆ ನೂರಾರು ಸಣ್ಣ ಜಾತ್ರೆಗಳು. ಪ್ರತಿಯೊಂದೂ ಕೆಲವೇ ದಿನ.

ಒಂದು ಡ್ಯಾಶಿಂಗ್ ಕಾರ್ ಸೆಟ್ ಇಟ್ಟುಕೊಂಡಿರುವ ಕುಟುಂಬವನ್ನು ನೆನೆಸಿಕೊಳ್ಳಿ. ಯಂತ್ರ, ಲಾರಿ, ಜನರೇಟರ್ ಎಲ್ಲ ಸೇರಿ ದೊಡ್ಡ ಬಂಡವಾಳ, ಜಾಸ್ತಿ ಪಾಲು ಸಾಲ. ಆ ಕುಟುಂಬದ ವರ್ಷದ ಸಂಪಾದನೆ ಕೆಲವೇ ಕೆಲವು ವಾರಾಂತ್ಯಗಳಲ್ಲಿ ಬರಬೇಕು. ಅಕ್ಟೋಬರ್‌ನಲ್ಲಿ ಹಲ್‌ಗೆ ಹೋಗಿ, ಅಲ್ಲಿ ಜಾಗ ಇಲ್ಲ ಎಂದು ಗೊತ್ತಾದರೆ ಬೇರೆ ಊರಿಗೆ ಓಡುವಂತಿಲ್ಲ, ಅಲ್ಲಿ ಆಗಲೇ ಬೇರೆಯವರು ಕಟ್ಟಿಕೊಂಡಿರುತ್ತಾರೆ. ಮೊದಲು ಬಂದವರಿಗೆ ಜಾಗ ಎಂದಿಟ್ಟರೆ ಹಿಂದಿನ ಜಾತ್ರೆಯನ್ನು ಅರ್ಧಕ್ಕೆ ಬಿಚ್ಚಿಕೊಂಡು ರಾತ್ರೋರಾತ್ರಿ ಲಾರಿ ಓಡಿಸಿಕೊಂಡು ಬರುವವರು ಗೆಲ್ಲುತ್ತಾರೆ. ಜಾಸ್ತಿ ಹಣ ಕೊಟ್ಟವರಿಗೆ ಜಾಗ ಎಂದಿಟ್ಟರೆ ದೊಡ್ಡ ಮೂರ್ನಾಲ್ಕು ಮಾಲೀಕರು ಎಲ್ಲವನ್ನೂ ಹಿಡಿಯುತ್ತಾರೆ, ಒಂದೇ ಒಂದು ಗುರಿ ಹೊಡೆಯುವ ಅಂಗಡಿ ಅಥವಾ ಬೊಂಬಾಯಿ ಮಿಠಾಯಿ ಗಾಡಿ ಇಟ್ಟುಕೊಂಡ ಕುಟುಂಬ ಮೊದಲ ವರ್ಷವೇ ಮುಳುಗುತ್ತದೆ. ನೀವು ಹೇಳುವ ಮುಕ್ತ ಪೈಪೋಟಿಯಲ್ಲಿ ಏಕಸ್ವಾಮ್ಯ ಇನ್ನೂ ಬೇಗ ಬರುತ್ತದೆ ಎಂಬುದು ನನ್ನ ವಾದ. ಎರಡು ವರ್ಷದ ನಿಯಮ ದೊಡ್ಡವರನ್ನು ಕಾಯುವಷ್ಟೇ ಸಣ್ಣವರನ್ನೂ ಕಾಯುತ್ತದೆ.

ಇನ್ನೊಂದು ಮಾತು. ಆ ಹಕ್ಕು ನೆಲದ ಒಡೆತನ ಅಲ್ಲ. ನೆಲ ಪುರಸಭೆಯದ್ದೋ ಇನ್ಯಾರದ್ದೋ. ಬಾಡಿಗೆ ಕೊಡಲೇಬೇಕು, ಜಾತ್ರೆಯೇ ನಿಂತರೆ ಹಕ್ಕೂ ಮುಗಿಯಿತು. ಗೂಸ್ ಫೇರ್‌ಗೆ 1284ರಷ್ಟು ಹಳೆಯ ರಾಜಶಾಸನದ ಆಧಾರವಿದೆ. ಆದರೂ 1928ರಲ್ಲಿ ಅದನ್ನು ಊರ ನಡುವಿನ ಮಾರುಕಟ್ಟೆ ಚೌಕದಿಂದ ಎಬ್ಬಿಸಿ ಆಚೆಯ ಫಾರೆಸ್ಟ್ ಮೈದಾನಕ್ಕೆ ಕಳಿಸಿದರು. ಇವರ ಹಕ್ಕು ಗಿಲ್ಡ್‌ನ ಇನ್ನೊಬ್ಬ ಸದಸ್ಯನ ಎದುರಿಗೆ ಮಾತ್ರ ನಡೆಯುತ್ತದೆ. ಅಂದರೆ, ನೀನು ನನ್ನ ಜಾಗಕ್ಕೆ ಕೈ ಹಾಕಬೇಡ, ನಾನು ನಿನ್ನದಕ್ಕೆ ಕೈ ಹಾಕುವುದಿಲ್ಲ ಎಂಬ ಒಪ್ಪಂದ.

ಈ ಒಪ್ಪಂದ ಯಾವಾಗಲೂ ನ್ಯಾಯವಾಗಿ ನಡೆದಿದೆಯೇ? ಇಲ್ಲ. ಇಲ್ಲಿ ನೀವು ಕೇಳದೇ ಇದ್ದರೂ ನಿಮ್ಮ ಪರವಾದ ಒಂದು ದಾಖಲೆ ಕೊಡುತ್ತೇನೆ. ಬ್ರಾಡ್‌ಫರ್ಡ್‌ನ ಬೇಸಿಗೆ ಜಾತ್ರೆಯ ಒಂದು ಜಾಗಕ್ಕಾಗಿ ಲೀ ಎಂಬ ಶೋಮನ್ ಮತ್ತು ಇನ್ನೊಬ್ಬ ಸದಸ್ಯನ ನಡುವೆ ತಕರಾರು ಬಂತು. ಗಿಲ್ಡ್‌ನ ಪ್ರಾದೇಶಿಕ ಸಮಿತಿ ಲೀ ತಪ್ಪು ಮಾಡಿದ್ದಾನೆ ಎಂದು 100 ಪೌಂಡ್ ದಂಡ ಹಾಕಿತು. ಆತ ಕಟ್ಟಲಿಲ್ಲ. ಸದಸ್ಯತ್ವ ಹೋಯಿತು ಎಂದರು. ಸದಸ್ಯತ್ವ ಹೋದರೆ ಜಾತ್ರೆಗಳು ಹೋದ ಹಾಗೆ, ಜಾತ್ರೆ ಹೋದರೆ ಅನ್ನ ಹೋದ ಹಾಗೆ. ಲೀ ಕೋರ್ಟಿಗೆ ಹೋದರು. 1952ರಲ್ಲಿ ಮೇಲ್ಮನವಿ ನ್ಯಾಯಾಲಯ ಅವರ ಪರ ನಿಂತಿತು. ನ್ಯಾಯಮೂರ್ತಿ ಡೆನ್ನಿಂಗ್ ಅವರ ತೀರ್ಪಿನ ತಿರುಳು ಏನೆಂದರೆ, ಒಬ್ಬನ ಜೀವನೋಪಾಯವನ್ನೇ ಕಿತ್ತುಕೊಳ್ಳಬಲ್ಲ ಸಮಿತಿ ತನ್ನ ನಿಯಮಗಳಿಗೆ ತನಗೆ ಬೇಕಾದ ಅರ್ಥ ಕೊಟ್ಟುಕೊಂಡು ಕೂರುವಂತಿಲ್ಲ, ಆ ನಿಯಮದ ನಿಜವಾದ ಅರ್ಥ ಏನು ಎಂದು ಹೇಳುವುದು ಕೋರ್ಟಿನ ಕೆಲಸ. ಬ್ರಿಟನ್ನಿನ ಕಾನೂನು ವಿದ್ಯಾರ್ಥಿಗಳು ಇವತ್ತಿಗೂ ಓದುವ ತೀರ್ಪು ಇದು. ಕೆಲಸ ಮಾಡುವ ಹಕ್ಕು ಆಸ್ತಿಯ ಹಕ್ಕಿಗಿಂತ ಕಡಿಮೆಯದಲ್ಲ ಎಂಬ ಮಾತು ಒಂದು ಜಾತ್ರೆಯ ಜಾಗದ ಜಗಳದಿಂದ ಬಂತು ಎನ್ನುವುದು ನನಗೆ ಈ ಇಡೀ ಚರಿತ್ರೆಯಲ್ಲಿ ತುಂಬಾ ಇಷ್ಟವಾದ ಸಂಗತಿ. ಗಿಲ್ಡ್‌ಗೆ ಆ ಪೆಟ್ಟು ಬೇಕಿತ್ತು.

ಆದರೆ ಮೇಷ್ಟ್ರೇ, ಮುಚ್ಚಿದ ಗುಂಪು ಎಂದಾಗ ನೀವು ಯೋಚಿಸಿದ್ದು ಹೊರಗಿನಿಂದ ಬಂಡವಾಳ ತರುವ ವ್ಯಾಪಾರಿಯ ಬಗ್ಗೆ. ನನ್ನ ಚಿಂತೆ ಬೇರೆಯವರದ್ದು. ಯಂತ್ರ ಕಟ್ಟುವ, ಬಿಚ್ಚುವ, ಡ್ಯಾಶಿಂಗ್ ಕಾರಿನ ಹಿಂದೆ ನೇತಾಡುತ್ತಾ ದುಡ್ಡು ಸಂಗ್ರಹಿಸುವ ಕೂಲಿ ಹುಡುಗರಿದ್ದಾರಲ್ಲ, ಅವರಿಗೆ ಗಿಲ್ಡ್‌ನಲ್ಲಿ ಜಾಗವಿಲ್ಲ. ಗ್ಯಾಫ್ ಲ್ಯಾಡ್ಸ್ ಎಂದು ಕರೆಯುತ್ತಾರೆ ಅವರನ್ನು. ಗಿಲ್ಡ್ ಮಾಲೀಕ ಕುಟುಂಬಗಳ ಸಂಘ, ಕಾರ್ಮಿಕ ಸಂಘ ಅಲ್ಲ. ಮಾಲೀಕರೂ ಕೈ ಮಸಿ ಮಾಡಿಕೊಂಡು ಅದೇ ಕೆಲಸ ಮಾಡುತ್ತಾರೆ ನಿಜ. ಆದರೂ ಮಳೆಯಲ್ಲಿ ನೆನೆಯುತ್ತಾ ಅದೇ ಲಾರಿಯಲ್ಲಿ ವರ್ಷಗಟ್ಟಲೆ ತಿರುಗಿದ ಹುಡುಗನಿಗೆ ಎರಡು ವರ್ಷವಲ್ಲ, ಇಪ್ಪತ್ತು ವರ್ಷ ದುಡಿದರೂ ಯಾವ ಹಕ್ಕೂ ಹುಟ್ಟುವುದಿಲ್ಲ. ಈ ಸಂಘದ ಮೇಲೆ ನನಗೆ ಇರುವ ದೊಡ್ಡ ತಕರಾರು ಇದು. ಹೋದ ಸಂಚಿಕೆಯ ಲೇಖನವನ್ನು ಒಪ್ಪಿ ಅಚ್ಚು ಹಾಕಿದವನಾಗಿಯೂ ಹೇಳುತ್ತೇನೆ, ಯಾರಾದರೂ ಇದರ ಬಗ್ಗೆಯೇ ಪ್ರತ್ಯೇಕವಾಗಿ ಬರೆಯಬೇಕು.

ಸಂಸ್ಕೃತಿ ಎಂಬುದು ವ್ಯಾಪಾರಕ್ಕೆ ಹೊದಿಸಿದ ಹೊದಿಕೆ ಎಂದಿರಿ. ಇದನ್ನು ಮಾತ್ರ ಒಪ್ಪಲಾರೆ. ಇವರಲ್ಲಿ ವ್ಯಾಪಾರ ಮತ್ತು ಸಂಸ್ಕೃತಿ ಎರಡು ಬೇರೆ ಪದಾರ್ಥಗಳಲ್ಲ. ಕಿಂಗ್ಸ್ ಲಿನ್‌ನ ಫ್ರೆಡರಿಕ್ ಸ್ಯಾವೇಜ್ ರೈತರ ಯಂತ್ರಗಳನ್ನು ಮಾಡುತ್ತಿದ್ದವರು, ಮರದ ಕುದುರೆಗಳನ್ನು ಹಬೆಯ ಶಕ್ತಿಯಿಂದ ತಿರುಗಿಸುವ ಯಂತ್ರಗಳಿಗೆ ಹೆಸರಾದರು. ಥೆಟ್‌ಫರ್ಡ್‌ನ ಬರೆಲ್ ಕಂಪನಿ ಶೋಮೆನ್‌ಗಾಗಿಯೇ ಹಬೆಯ ಎಂಜಿನ್ ಕಟ್ಟಿತು, ದಾರಿಯಲ್ಲಿ ಅದು ಬಂಡಿಗಳನ್ನು ಎಳೆಯುತ್ತದೆ, ಊರು ತಲುಪಿದ ಮೇಲೆ ಅದೇ ಎಂಜಿನ್ ಮುಂಭಾಗದ ಡೈನಮೋದಿಂದ ವಿದ್ಯುತ್ ಕೊಡುತ್ತದೆ. ಎಷ್ಟೋ ಊರುಗಳ ಜನ ವಿದ್ಯುತ್ ದೀಪವನ್ನು ಮೊದಲು ಕಂಡಿದ್ದು ಜಾತ್ರೆಯಲ್ಲಿ. ಚಲನಚಿತ್ರವನ್ನೂ ಹಾಗೆಯೇ. 1890ರ ದಶಕದ ಕೊನೆಯಿಂದ ಮೊದಲ ಮಹಾಯುದ್ಧದವರೆಗೆ ಡೇರೆಗಳಲ್ಲಿ ಬಯೋಸ್ಕೋಪ್ ಪ್ರದರ್ಶನ ನಡೆಯುತ್ತಿತ್ತು, ರಾಂಡಲ್ ವಿಲಿಯಮ್ಸ್ ಅದನ್ನು ಶುರು ಮಾಡಿದವರಲ್ಲಿ ಮುಖ್ಯರು, ಆನಿ ಹಾಲೆಂಡ್ ಎಂಬ ಮಹಿಳೆ ತನ್ನದೇ ಬಯೋಸ್ಕೋಪ್ ಪ್ರದರ್ಶನ ನಡೆಸುತ್ತಿದ್ದರು. ಚಿತ್ರಮಂದಿರಗಳು ಬಂದ ಮೇಲೆ ಆ ವ್ಯಾಪಾರ ಸತ್ತಿತು. ಶೋಮೆನ್ ಬೇರೆ ಯಂತ್ರ ತಂದರು, ಅದೇ ಜಾಗದಲ್ಲಿ ನಿಲ್ಲಿಸಿದರು.

ಹಕ್ಕು ಇದ್ದದ್ದರಿಂದಲೇ ಇದು ಸಾಧ್ಯವಾಯಿತು ಎಂದು ನನ್ನ ಅನಿಸಿಕೆ. ಮುಂದಿನ ವರ್ಷವೂ ಅಲ್ಲಿ ನಿಲ್ಲುತ್ತೇನೆ ಎಂಬ ಖಾತರಿ ಇಲ್ಲದವನು ಸಾಲ ಮಾಡಿ ಹೊಸ ಯಂತ್ರ ತರುವುದಿಲ್ಲ. ಬಂಗಾರದ ರೇಕು ಅಂಟಿಸಿ ಕುದುರೆಗಳಿಗೆ ಬಣ್ಣ ಹಾಕಿಸುವುದಿಲ್ಲ. ಪ್ಯಾರಿಸ್‌ನ ಗಾವಿಯೋಲಿ ಕಂಪನಿಯಿಂದ ಅಷ್ಟು ದೊಡ್ಡ ಆರ್ಗನ್ ತರಿಸುವುದಿಲ್ಲ. ಆ ಬಣ್ಣ, ಆ ಅಕ್ಷರ, ಆ ಸಂಗೀತ ಎಲ್ಲದರ ಹಿಂದೆ ನಾಳೆಯ ಬಗ್ಗೆ ಒಂದು ಭರವಸೆ ಇದೆ. ಅವರ ಮಾತಲ್ಲೂ ಇದು ಕಾಣುತ್ತದೆ. ಜಾತ್ರೆಯ ನೆಲಕ್ಕೆ ಟೋಬರ್ ಎನ್ನುತ್ತಾರೆ, ಹೊರಗಿನವರಿಗೆ ಫ್ಲಾಟಿ. ಇಂಥ ಪದಗಳು ಮನೆಯಲ್ಲಿ ಕಿವಿಗೆ ಬಿದ್ದು ಕಲಿಯುವಂಥವು.

ಎರಡನೇ ಮಹಾಯುದ್ಧದ ಕಾಲದಲ್ಲಿ ಗಿಲ್ಡ್ ಸದಸ್ಯರು ಹಣ ಒಟ್ಟು ಮಾಡಿ ಒಂದು ಸ್ಪಿಟ್‌ಫೈರ್ ಯುದ್ಧವಿಮಾನಕ್ಕೆ ಕೊಟ್ಟರು. ಅದಕ್ಕೆ ಇಟ್ಟ ಹೆಸರು ಫನ್ ಆಫ್ ದಿ ಫೇರ್. ನೆಲೆ ಇಲ್ಲದವರು, ಯಾರಿಗೂ ಸೇರದವರು ಎಂದು ಕರೆಸಿಕೊಂಡ ಜನ ಕೊಟ್ಟ ವಿಮಾನ ಎಂಬುದನ್ನು ನಿಮ್ಮ ಗಮನಕ್ಕೆ ತರಬೇಕು ಅನಿಸಿತು.

ಇನ್ನು ನಿಮ್ಮ ಮೂರನೇ ಪ್ರಶ್ನೆ, ತಿರುಗುವವರಿಗೆ ಊರಲ್ಲಿ ಜಾಗ ಯಾಕೆ? ಚಳಿಗಾಲದಲ್ಲಿ ಎಲ್ಲಿರಬೇಕು ಹೇಳಿ. ನವೆಂಬರ್‌ನಿಂದ ಫೆಬ್ರವರಿವರೆಗೆ ಜಾತ್ರೆ ಬಹುತೇಕ ಇಲ್ಲ. ಆಗಲೇ ಯಂತ್ರ ಬಿಚ್ಚಿ ರಿಪೇರಿ ಮಾಡಬೇಕು, ಬಣ್ಣ ಹಚ್ಚಬೇಕು, ಪ್ರತಿ ವರ್ಷದ ಸುರಕ್ಷತಾ ತಪಾಸಣೆ ಮುಗಿಸಬೇಕು. ತಪಾಸಣೆಯ ಪ್ರಮಾಣಪತ್ರ ಇಲ್ಲದೆ ಯಂತ್ರ ತಿರುಗಿಸುವಂತಿಲ್ಲ. ಇದಕ್ಕೆ ಅಪಾರ್ಟ್‌ಮೆಂಟ್ ಸಾಲದು. ವಾಸದ ಕಾರವಾನ್ ಪಕ್ಕದಲ್ಲೇ ಲಾರಿ ನಿಲ್ಲಬೇಕು, ಯಂತ್ರ ಹರಡಿಕೊಳ್ಳಲು ಬಯಲು ಬೇಕು. ಇದನ್ನು ಅವರು ಯಾರ್ಡ್ ಎನ್ನುತ್ತಾರೆ. ಊರಿನ ಯೋಜನೆ ಮಾಡುವವರಿಗೆ ಇದು ತಲೆನೋವು, ಯಾಕೆಂದರೆ ಅವರ ನಕ್ಷೆಯಲ್ಲಿ ವಾಸದ ಪ್ರದೇಶ ಬೇರೆ, ಕೈಗಾರಿಕಾ ಪ್ರದೇಶ ಬೇರೆ.

1960ರ ಕಾರವಾನ್ ಕಾಯ್ದೆಯಲ್ಲಿ ಇವರಿಗೆ ಒಂದು ವಿನಾಯಿತಿ ಇದೆ. ಮಂತ್ರಿಗಳ ಪ್ರಮಾಣಪತ್ರ ಪಡೆದ ಸಂಘದ ಸದಸ್ಯನಾದ ಶೋಮನ್ ಅಕ್ಟೋಬರ್ ಮೊದಲಿಂದ ಮಾರ್ಚ್ ಕೊನೆಯೊಳಗೆ ತನ್ನ ಸಲಕರಣೆ ಜೊತೆ ಚಳಿಗಾಲ ಕಳೆದರೆ ಆ ನೆಲಕ್ಕೆ ಕಾರವಾನ್ ಲೈಸೆನ್ಸ್ ಬೇಡ. ಗಮನಿಸಿ, ಸಂಘದ ಸದಸ್ಯನಾಗಿರಬೇಕು. ಅಂದರೆ ನೀವು ಮುಚ್ಚಿದ ಬಾಗಿಲು ಎಂದಿರಲ್ಲ, ಅದಕ್ಕೆ ಸರ್ಕಾರವೂ ಒಂದು ಚಿಲಕ ಹಾಕಿಕೊಟ್ಟಿದೆ. ಆದರೆ ವಯಸ್ಸಾದ ಅಜ್ಜಿ ಏಪ್ರಿಲ್‌ನಲ್ಲಿ ಎಲ್ಲಿಗೆ ಹೋಗಬೇಕು? ಪರೀಕ್ಷೆ ಬರೆಯಬೇಕಾದ ಮಗು? ಕಾನೂನು ಕಟ್ಟಿದವರಿಗೆ ಇಡೀ ಕುಟುಂಬ ಒಟ್ಟಿಗೇ ಹೊರಟು ಒಟ್ಟಿಗೇ ಬರುತ್ತದೆ ಎಂಬ ಕಲ್ಪನೆ. 2015ರಲ್ಲಿ ಇಂಗ್ಲೆಂಡಿನ ಯೋಜನಾ ನೀತಿ ಬದಲಾದಾಗ, ಕಾಯಿಲೆಯಿಂದಲೋ ಮುಪ್ಪಿನಿಂದಲೋ ಶಾಶ್ವತವಾಗಿ ತಿರುಗಾಟ ನಿಲ್ಲಿಸಿದವರು ಆ ನೀತಿಯ ವ್ಯಾಖ್ಯೆಯಿಂದಲೇ ಹೊರಗೆ ಬಿದ್ದರು. ವರ್ಷಗಳಾದ ಮೇಲೆ ಆ ವ್ಯಾಖ್ಯೆಯನ್ನು ಬದಲಿಸಿ ಅವರನ್ನು ಮತ್ತೆ ಒಳಗೆ ಸೇರಿಸಿದರು. ಜೀವನವಿಡೀ ಜಾತ್ರೆ ಕಟ್ಟಿದವನು ಮಂಡಿ ಸೋತ ದಿನ ಶೋಮನ್ ಅಲ್ಲದವನಾಗುತ್ತಿದ್ದ ಎಂದರೆ ಅದು ಅನ್ಯಾಯ ಎಂದು ಹೇಳಲು ಅರ್ಥಶಾಸ್ತ್ರ ಬೇಕಾಗಿಲ್ಲ.

ಮಕ್ಕಳ ಓದಿನ ವಿಷಯದಲ್ಲಿ ಪರಿಸ್ಥಿತಿ ಸ್ವಲ್ಪ ಸುಧಾರಿಸಿದೆ. 1996ರ ಶಿಕ್ಷಣ ಕಾಯ್ದೆ, ತಿರುಗುವ ವೃತ್ತಿಯವರ ಆರು ವರ್ಷ ದಾಟಿದ ಮಗು ವರ್ಷಕ್ಕೆ ಕನಿಷ್ಠ 200 ಅರ್ಧ ದಿನದ ಹಾಜರಿ ಪಡೆದಿದ್ದರೆ ತಂದೆತಾಯಿಯನ್ನು ಶಿಕ್ಷಿಸಬಾರದು ಎನ್ನುತ್ತದೆ. ಉಳಿದ ದಿನಗಳಿಗೆ ಪಾಠದ ಕಟ್ಟು ಕೊಟ್ಟು ಕಳಿಸುವ ಶಾಲೆಗಳಿವೆ.

ಸ್ಕಾಟ್‌ಲೆಂಡಿನಲ್ಲಿ 2022ರ ಜನಗಣತಿಯಲ್ಲಿ ಮೊದಲ ಸಲ ಶೋಮನ್, ಶೋವುಮನ್ ಎಂದು ಗುರುತು ಹಾಕಿಕೊಳ್ಳುವ ಒಂದು ಚೌಕ ಬಂತು. ಗ್ಲಾಸ್ಗೋ ನಗರದ ಪೂರ್ವ ಭಾಗದಲ್ಲಿ ಇವರ ಯಾರ್ಡ್‌ಗಳು ತುಂಬಾ ಇವೆ. ವ್ಯಾಪಾರದ ಸಂಘದ ಸದಸ್ಯರಿಗೆ ಜನಗಣತಿಯಲ್ಲಿ ಚೌಕ ಕೊಡುವುದಿಲ್ಲ ಮೇಷ್ಟ್ರೇ. ಒಂದು ಸಮುದಾಯಕ್ಕೆ ಕೊಡುತ್ತಾರೆ.

ಗಿಲ್ಡ್ ಈಗಲೂ ಏನು ಮಾಡುತ್ತದೆ ಎಂದು ಕೇಳುವವರಿಗೆ ಒಂದೇ ಉದಾಹರಣೆ ಸಾಕು. 2022ರ ಏಪ್ರಿಲ್‌ನಿಂದ ಕಡಿಮೆ ತೆರಿಗೆಯ ಕೆಂಪು ಡೀಸೆಲ್ ಬಳಸುವ ಅವಕಾಶವನ್ನು ಬ್ರಿಟನ್ ಸರ್ಕಾರ ಹಲವು ಉದ್ಯಮಗಳಿಂದ ತೆಗೆದುಹಾಕಿತು. ತಿರುಗುವ ಜಾತ್ರೆ ಮತ್ತು ಸರ್ಕಸ್‌ಗಳಿಗೆ ಉಳಿಸಿತು. ಜನರೇಟರ್ ಮೇಲೆಯೇ ನಡೆಯುವ ದಂಧೆ, 2020ರಲ್ಲಿ ಕೋವಿಡ್‌ನಿಂದ ಗೂಸ್ ಫೇರ್, ಹಲ್ ಎರಡೂ ರದ್ದಾಗಿ ಕೈ ಖಾಲಿಯಾಗಿದ್ದ ಜನ. ಚದುರಿಹೋದ ಸಣ್ಣ ಕುಟುಂಬಗಳು ಒಬ್ಬೊಬ್ಬರೇ ಹೋಗಿ ಕೇಳಿದ್ದರೆ ಯಾವ ಕಚೇರಿಯಲ್ಲಿ ಯಾರು ಕಿವಿ ಕೊಡುತ್ತಿದ್ದರು?

ಹಾಗಾದರೆ ನಾನು ಏನು ಬಯಸುತ್ತೇನೆ? ಜಾಗದ ಹಕ್ಕು ಇರಲಿ. ದಂಡ ಹಾಕುವ ಸಮಿತಿಗಳ ಮೇಲೆ ಕೋರ್ಟಿನ ಕಣ್ಣೂ ಇರಲಿ. ವರ್ಷಗಟ್ಟಲೆ ದುಡಿದ ಕೂಲಿ ಹುಡುಗರಿಗೆ ಸದಸ್ಯತ್ವಕ್ಕೆ ಬರುವ ಒಂದು ಸ್ಪಷ್ಟ ದಾರಿ ಇರಲಿ, ಅದನ್ನು ಗಿಲ್ಡ್ ತಾನೇ ಬರೆದುಕೊಳ್ಳಲಿ. ನೀವು ಹೇಳಿದ ಹಾಗೆ ಇಡೀ ನಿಯಮವನ್ನೇ ಕಿತ್ತುಹಾಕಿದರೆ ಮೊದಲು ಹೋಗುವುದು ಬೊಂಬಾಯಿ ಮಿಠಾಯಿ ಗಾಡಿಯೇ ಹೊರತು ದೊಡ್ಡ ಯಂತ್ರದ ಮಾಲೀಕ ಅಲ್ಲ.

ಪತ್ರದ ಕೊನೆಯಲ್ಲಿ, ಇದರ ಮೂಲ ದಾಖಲೆಗಳು ಎಲ್ಲಿ ಸಿಗುತ್ತವೆ ಎಂದು ಕೇಳಿದ್ದೀರಿ. ಶೆಫೀಲ್ಡ್ ವಿಶ್ವವಿದ್ಯಾಲಯದಲ್ಲಿ ಜಾತ್ರೆ ಮತ್ತು ಸರ್ಕಸ್‌ಗೆ ಮೀಸಲಾದ ರಾಷ್ಟ್ರೀಯ ಸಂಗ್ರಹವಿದೆ. 1994ರಲ್ಲಿ ಅದನ್ನು ಶುರು ಮಾಡಿದ ವೆನೆಸ್ಸಾ ಟೂಲ್ಮಿನ್ ಸ್ವತಃ ಶೋಮನ್ ಕುಟುಂಬದಲ್ಲಿ ಹುಟ್ಟಿದವರು. 1904ರಿಂದ ಬಂದ ವರ್ಲ್ಡ್ಸ್ ಫೇರ್ ಎಂಬ ಇವರದೇ ಪತ್ರಿಕೆ ಇದೆ, ಹಳೆಯ ಸಂಚಿಕೆಗಳನ್ನು ಹುಡುಕಿ. ಲೀ ಪ್ರಕರಣದ ತೀರ್ಪನ್ನೂ ಪೂರ್ತಿ ಓದಿ. ಓದಿದ ಮೇಲೂ ಏಕಸ್ವಾಮ್ಯ ಎಂಬ ನಿಮ್ಮ ಮಾತಿಗೇ ನಿಂತರೆ ಇನ್ನೊಂದು ಪತ್ರ ಬರೆಯಿರಿ, ಈ ಸಲ ಉದ್ದ ನೋಡದೆ ಪೂರ್ತಿ ಅಚ್ಚು ಹಾಕುತ್ತೇನೆ.

ಸಂಪಾದಕ